ಜಪಾನಿನ ಅಂತರಂಗವನ್ನು ತೆರೆದ ಗ್ರಂಥಗಳು

ಒಂದು ದೇಶದ ದೇಗುಲಗಳನ್ನೂ ಉದ್ಯಾನಗಳನ್ನೂ ಉತ್ಸವಗಳನ್ನೂ ಕಣ್ತುಂಬ ಕಂಡು ಬಂದು ಪ್ರವಾಸಕಥನಗಳನ್ನು ರಚಿಸುವವರು ಎಲ್ಲ ಕಾಲಗಳಲ್ಲಿಯೂ ಹೇರಳವಾಗಿ ದೊರೆಯುತ್ತಾರೆ. ಆದರೆ ಆ ದೇಶದ ನುಡಿಯನ್ನು ಬುಡದಿಂದ ಕಲಿತು, ಆ ನುಡಿಯ ಮೂಲಕವೇ ಅಲ್ಲಿನ ಕಾವ್ಯ, ಪುರಾಣ, ಮತಧರ್ಮ, ಲೋಕಾಚಾರಗಳನ್ನು ಒಳಹೊಕ್ಕು ನೋಡಿದವರು ವಿರಳ. ಜಪಾನಿನ ವಿಷಯದಲ್ಲಿ ಅಂತಹ ವಿರಳರ ಸಾಲಿಗೆ ಸೇರಿದವನು ಆಂಗ್ಲ ವಿದ್ವಾಂಸ ಬೇಸಿಲ್ ಹಾಲ್ ಚೇಂಬರ್ಲೇನ್.

1850ರಲ್ಲಿ ಇಂಗ್ಲೆಂಡಿನಲ್ಲಿ ಜನಿಸಿ, ಬಾಲ್ಯವನ್ನು ಫ್ರಾನ್ಸಿನ ವರ್ಸಾಯಿಯಲ್ಲಿ ಕಳೆದ ಈತನು, ಲಂಡನ್ನಿನ ಬ್ಯಾಂಕೊಂದರ ಉದ್ಯೋಗದಲ್ಲಿ ಆರೋಗ್ಯ ಕೆಡಲು, ಸಮುದ್ರಯಾನ ಕೈಗೊಂಡು 1873ರಲ್ಲಿ ಜಪಾನನ್ನು ಸೇರಿದನು. ಹಳೆಯ ಪಾಳೆಯಗಾರಿಕೆ ಅಳಿದು ಮೇಜಿ ಯುಗ ಆಗತಾನೇ ತಲೆಯೆತ್ತುತ್ತಿದ್ದ ಕಾಲವದು. ಆತನಿಗೆ ಜಪಾನೀ ನುಡಿಯ ಮೊದಲ ಪಾಠ ಹೇಳಿದ ಗುರು ಜುಟ್ಟು ಬಿಟ್ಟು, ಸೊಂಟಕ್ಕೆ ಎರಡು ಖಡ್ಗಗಳನ್ನು ಕಟ್ಟಿದ ವೃದ್ಧ ಸಮುರಾಯ್ ಯೋಧ. ನೌಕಾಶಾಲೆಯಲ್ಲಿ ಇಂಗ್ಲಿಷ್ ಕಲಿಸಲು ತೊಡಗಿದ ಈ ಪರದೇಶಿ, 1886ರಲ್ಲಿ ಟೋಕಿಯೋ ವಿಶ್ವವಿದ್ಯಾನಿಲಯದಲ್ಲಿ ಜಪಾನೀಯರಿಗೇ ಜಪಾನೀ ಭಾಷೆಯನ್ನು ಬೋಧಿಸುವ ಪ್ರಾಧ್ಯಾಪಕನಾದನು. ಆ ದೇಶದ ಆಧುನಿಕ ಭಾಷಾವಿಜ್ಞಾನಕ್ಕೆ ಅಡಿಗಲ್ಲಿಟ್ಟ ಉಯೆದ ಕಝುತೋಶಿ ಈತನ ಶಿಷ್ಯ.

ಆಡುನುಡಿಯನ್ನು ಕುರಿತ ಆತನ ಕೈಪಿಡಿ 1888ರಲ್ಲಿ ಪ್ರಕಟವಾಯಿತು. ಲ್ಯಾಟಿನ್ ವ್ಯಾಕರಣದ ಅಚ್ಚಿನೊಳಗೆ ಜಪಾನಿಯನ್ನು ತುರುಕದೆ, ಅದರ ಸಹಜವಾದ ಕಟ್ಟನ್ನೇ ಅನುಸರಿಸಬೇಕೆಂಬ ವಿವೇಕ ಆತನದು. 1895ರಲ್ಲಿ ರ‍್ಯೂಕ್ಯೂ ದ್ವೀಪಗಳ ಭಾಷೆಯನ್ನು ವಿವೇಚಿಸಿ, ಅದು ಜಪಾನಿಗೆ ಸೋದರಿಯೆಂದು ತೋರಿಸಿದನು. 1816ರಲ್ಲಿ ಆ ದ್ವೀಪಗಳಿಗೆ ನೌಕೆಯಲ್ಲಿ ಹೋಗಿ ಗ್ರಂಥ ಬರೆದಿದ್ದವನು ಆತನ ತಾಯಿಯ ತಂದೆಯೇ ಎಂಬುದು ಸ್ವಾರಸ್ಯಕರವಾದ ಸಂಗತಿ.

ಆದರೆ ಆತನ ಪಾಂಡಿತ್ಯದ ಪೂರ್ಣಪರೀಕ್ಷೆ ನಡೆದುದು 1882ರಲ್ಲಿ ಹೊರಬಂದ 'ಕೊಜಿಕಿ'ಯ ಅನುವಾದದಲ್ಲಿ. ದೇವತೆಗಳ ಉತ್ಪತ್ತಿಯಿಂದ ಹಿಡಿದು ಸಾಮ್ರಾಟರ ವಂಶಾವಳಿಯವರೆಗೆ ಹರಿಯುವ ಈ ಪುರಾಣವು 712ರಲ್ಲಿ ಸಿದ್ಧವಾದುದು. ಶಿಂತೋ ಮತಕ್ಕೆ ಆಧಾರಭೂತವಾದುದು. ಆಗ ಜಪಾನಿಗೆ ಸ್ವಂತ ಲಿಪಿಯಿರಲಿಲ್ಲ. ಎಲ್ಲವೂ ಚೀನೀ ಅಕ್ಷರಗಳಲ್ಲಿ ಬರೆಯಲ್ಪಟ್ಟಿದೆ. ಒಂದೇ ವಾಕ್ಯದಲ್ಲಿ ಒಂದು ಅಕ್ಷರವನ್ನು ಅರ್ಥಕ್ಕಾಗಿಯೂ ಅದರ ಪಕ್ಕದ್ದನ್ನು ಕೇವಲ ಉಚ್ಚಾರಣೆಗಾಗಿಯೂ ಬಳಸಿರುವುದರಿಂದ, ಓದುಗನು ಹೆಜ್ಜೆಹೆಜ್ಜೆಗೂ ನಿಂತು ನಿರ್ಣಯಿಸಬೇಕು. ಮೋತೋಓರಿ ನೊರಿನಾಗ ಎಂಬ ಮಹಾಪಂಡಿತನು ಇದರ ವ್ಯಾಖ್ಯಾನಕ್ಕೆ ಮೂವತ್ತಕ್ಕೂ ಹೆಚ್ಚು ವರ್ಷಗಳನ್ನು ಸವೆಸಿದ್ದನು. ಆ ವ್ಯಾಖ್ಯಾನದ ಬೆಳಕಿನಲ್ಲಿ ಚೇಂಬರ್ಲೇನನು ಮುಂದುವರಿದನು. ಮೂಲದ ಒಂದು ಮಾತೂ ಬಿಡಬಾರದೆಂಬ ನಿಷ್ಠೆ ಒಂದು ಕಡೆ, ವಿಕ್ಟೋರಿಯಾ ಕಾಲದ ಸಂಕೋಚ ಇನ್ನೊಂದು ಕಡೆ. ಆದುದರಿಂದ ಅಶ್ಲೀಲವೆನಿಸಿದ ಭಾಗಗಳನ್ನು ಬಿಡದೆ ಲ್ಯಾಟಿನ್ನಿಗೆ ತಿರುಗಿಸಿದನು.

ಸಾಮಾನ್ಯ ಓದುಗರಿಗಾಗಿ ಬರೆದ 'ಥಿಂಗ್ಸ್ ಜಾಪನೀಸ್' 1890ರಲ್ಲಿ ಬೆಳಕು ಕಂಡಿತು. ಮಣಿಚೌಕಟ್ಟಿನಿಂದ ಆರಂಭಿಸಿ ಬೀಸಣಿಗೆ, ಭೂಕಂಪ, ಚಹಾವಿಧಿ, ಹಚ್ಚೆಗಳವರೆಗೆ ಅಕಾರಾದಿಯಾಗಿ ಹೆಣೆದ ಈ ಪುಸ್ತಕದ ಹಿಂದೆ, ಕಣ್ಣೆದುರಿಗೇ ಮಾಯವಾಗುತ್ತಿದ್ದ ಹಳೆಯ ಜಪಾನನ್ನು ದಾಖಲಿಸಿಡಬೇಕೆಂಬ ಕಾತರವಿದೆ.

ಆತನ ತೀರ್ಪುಗಳೆಲ್ಲವನ್ನೂ ನಾವು ಶಿರಸಾವಹಿಸಬೇಕಾಗಿಲ್ಲ. ಜಪಾನಿನ ಕಾವ್ಯವನ್ನು 1880ರಷ್ಟು ಹಿಂದೆಯೇ ಆಂಗ್ಲರಿಗೆ ಪರಿಚಯಿಸಿದನಾದರೂ ಅದನ್ನು ಅಳೆಯಲು ಯೂರೋಪಿನ ಮಾನದಂಡವನ್ನೇ ಹಿಡಿದನು. ಬಾಶೋ ಕವಿಯ ಹದಿನೇಳು ಮಾತ್ರೆಗಳ ಕಿರುಗವಿತೆ ಆತನಿಗೆ ಚಿಕ್ಕದಾಗಿಯೇ ಕಂಡಿತು. ಆದರೆ ಸತ್ಯವನ್ನು ಹೇಳುವಲ್ಲಿ ಆತನು ಹಿಂಜರಿಯಲಿಲ್ಲ. ಆಗ ಬೋಧಿಸಲ್ಪಡುತ್ತಿದ್ದ ಸಾಮ್ರಾಟಪೂಜೆಯೂ ಸಮುರಾಯ್ ಯೋಧರ ನೀತಿಸಂಹಿತೆಯೆನಿಸಿದ ಬುಷಿದೋ ಧರ್ಮವೂ ಹಳೆಯ ಸಾಮಗ್ರಿಯಿಂದ ಅಧಿಕಾರವರ್ಗವು ಹೊಸದಾಗಿ ಕಟ್ಟಿದವೆಂದು 1912ರ ಪ್ರಬಂಧವೊಂದರಲ್ಲಿ ನಿರ್ಭೀತಿಯಿಂದ ಬರೆದನು. ಮುಂದೆ ಆ ದೇಶ ಹಿಡಿದ ಯುದ್ಧದ ದಾರಿಯನ್ನು ಬಲ್ಲವರಿಗೆ ಆ ಪ್ರಬಂಧದ ಬೆಲೆ ತಿಳಿದೀತು. ಜಪಾನನ್ನು ಬಿಟ್ಟು ಜಿನೀವಾದಲ್ಲಿ ನೆಲಸಿದ ಆತನು 1935ರಲ್ಲಿ ಅಲ್ಲಿಯೇ ತೀರಿಕೊಂಡನು.

ಪ್ರೀತಿಯಿಲ್ಲದೆ ಪರಸಂಸ್ಕೃತಿಯ ಅಧ್ಯಯನ ಸಾಗದು, ಪರೀಕ್ಷಕದೃಷ್ಟಿಯಿಲ್ಲದೆ ಅದು ಸ್ತುತಿಪಾಠವಾದೀತು; ಈ ಎರಡೂ ಚೇಂಬರ್ಲೇನನಲ್ಲಿ ಕೂಡಿದ್ದುವು. ಜಪಾನನ್ನು ತಿಳಿಯಬೇಕೆನ್ನುವ ಓದುಗರು ಮೊದಲು 'ಥಿಂಗ್ಸ್ ಜಾಪನೀಸ್' ಗ್ರಂಥವನ್ನು ಓದಿ, ಬಳಿಕ 'ಕೊಜಿಕಿ'ಯನ್ನು ಅಡಿಟಿಪ್ಪಣಿಗಳ ಸಹಿತ ತಾಳ್ಮೆಯಿಂದ ಅಭ್ಯಸಿಸಲಿ. ಪಟ್ಟ ಶ್ರಮ ಖಂಡಿತವಾಗಿಯೂ ಸಾರ್ಥಕವಾಗುತ್ತದೆ.