ನಿರೂಪಕನಿಲ್ಲದ ಸಾಕ್ಷ್ಯಚಿತ್ರ: ನಿಪ್ಪಾಣಿ ಕಲಿಸಿದ ಪಾಠ

ಹಿನ್ನೆಲೆಯಲ್ಲಿ ಗಂಭೀರ ಧ್ವನಿ, ತೆರೆಯ ಮೇಲೆ ಅಣೆಕಟ್ಟು, ಕಾರ್ಖಾನೆ, ನಗುವ ರೈತ. 1948ರಲ್ಲಿ ಸ್ಥಾಪನೆಯಾದ ಫಿಲ್ಮ್ಸ್ ಡಿವಿಷನ್‌ನ ಚಿತ್ರಗಳನ್ನು ಚಿತ್ರಮಂದಿರಗಳಲ್ಲಿ ನೋಡಿ ಬೆಳೆದ ತಲೆಮಾರಿಗೆ ಸಾಕ್ಷ್ಯಚಿತ್ರವೆಂದರೆ ಇಷ್ಟೇ. ಅವುಗಳಲ್ಲಿ ಜನಸಾಮಾನ್ಯರು ಕಾಣಿಸಿಕೊಳ್ಳುತ್ತಿದ್ದರು. ಬಹುಪಾಲು ಮಾತನಾಡುತ್ತಿದ್ದವನು ಮಾತ್ರ ನಿರೂಪಕ.

ಇದಕ್ಕೆ ಪರ್ಯಾಯವಾಗಿ ಬಂದದ್ದು ಅವಲೋಕನ ವಿಧಾನ. 1960ರ ಸುಮಾರಿಗೆ ಹೆಗಲ ಮೇಲಿಟ್ಟು ಓಡಾಡಬಲ್ಲ 16 ಎಂ.ಎಂ. ಕ್ಯಾಮೆರಾ ಹಾಗೂ ದೃಶ್ಯದೊಡನೆಯೇ ಧ್ವನಿ ಮುದ್ರಿಸುವ ಹಗುರ ಉಪಕರಣಗಳು ಅಮೆರಿಕದ ನಿರ್ದೇಶಕರ ಕೈಸೇರಿದವು. ನಿರೂಪಣೆಯನ್ನು ಆದಷ್ಟು ತಗ್ಗಿಸಿ, ಬದುಕನ್ನು ಅದು ಸಾಗುವ ರೀತಿಯಲ್ಲೇ ದಾಖಲಿಸಿ, ತೀರ್ಮಾನವನ್ನು ಪ್ರೇಕ್ಷಕರಿಗೆ ಬಿಡುವುದು ಇದರ ತಿರುಳು.

ಆದರೆ ಸುಮ್ಮನೆ ನೋಡುತ್ತ ನಿಂತರೆ ಸಾಕೆ? ಕರ್ನಾಟಕದಲ್ಲಿ ಈ ಪ್ರಶ್ನೆಯನ್ನು ಎದುರಿಸಿದವರಲ್ಲಿ ಬೆಂಗಳೂರಿನ ನಿರ್ದೇಶಕಿ ದೀಪಾ ಧನರಾಜ್ ಪ್ರಮುಖರು. 1980ರಲ್ಲಿ ಅವರು ಅಭಾ ಭೈಯಾ, ಮೀರಾ ರಾವ್ ಹಾಗೂ ಛಾಯಾಗ್ರಾಹಕ ನವ್ರೋಜ್ ಕಾಂಟ್ರಾಕ್ಟರ್ ಅವರೊಡನೆ ‘ಯುಗಾಂತರ್’ ಬಳಗ ಕಟ್ಟಿದರು. ಬಳಗದ ‘ತಂಬಾಕು ಚಾಕಿಲಾ ಊಬ್ ಆಲಿ’ (1982) ಬೆಳಗಾವಿ ಜಿಲ್ಲೆಯ ನಿಪ್ಪಾಣಿಯ ತಂಬಾಕು ಕಾರ್ಖಾನೆಗಳ ಮಹಿಳೆಯರನ್ನು ಕುರಿತದ್ದು. ಚಿತ್ರದ ಅವಧಿ ಅರ್ಧ ಗಂಟೆಗೂ ಕಡಿಮೆ. ಅದಕ್ಕಾಗಿ ಬಳಗವು ಸುಮಾರು ನಾಲ್ಕು ತಿಂಗಳು ಕಾರ್ಮಿಕರೊಡನೆ ಒಡನಾಡಿತು.

ಈ ಕಾಲಾವಧಿಯೇ ಇಲ್ಲಿ ಮುಖ್ಯ. ಸಂಘಟನೆಗೆ ಮುಂದಾದ ಮಹಿಳೆ ಕ್ಯಾಮೆರಾದ ಮುಂದೆ ಬಾಯಿ ತೆರೆದರೆ ಕೂಲಿಗೇ ಸಂಚಕಾರ ಬರಬಹುದು. ಒಂದು ದಿನ ಬಂದು ಚಿತ್ರೀಕರಿಸಿ ಹೊರಡುವವರ ಮುಂದೆ ಅಂಥವಳು ಮಾತನಾಡುವುದು ಕಷ್ಟ. ನಿಪ್ಪಾಣಿಯ ಚಿತ್ರದಲ್ಲಿ ತಂಬಾಕಿನ ಧೂಳು, ದುಡಿಮೆ, ಮುಷ್ಕರಗಳ ಕಥೆಯನ್ನು ಕಾರ್ಮಿಕ ಮಹಿಳೆಯರೇ ಹೇಳುತ್ತಾರೆ. ಮುಷ್ಕರದ ಕೆಲವು ಸನ್ನಿವೇಶಗಳನ್ನು ಅವರ ಜೊತೆ ಕೂಡಿ ಮರುಸೃಷ್ಟಿಸಲಾಗಿದೆ ಎಂಬುದೂ ಗಮನಾರ್ಹ. ಕಟ್ಟುನಿಟ್ಟಿನ ಅವಲೋಕನವಾದಿಗಳು ಇದನ್ನು ಒಪ್ಪಲಾರರು. ಆದರೆ ತಮ್ಮ ಬದುಕಿನಲ್ಲಿ ಯಾವುದು ಕಾಣಬೇಕೆಂಬ ನಿರ್ಧಾರದಲ್ಲಿ ಆ ಬದುಕನ್ನು ಬಾಳಿದವರಿಗೂ ಪಾಲು ದೊರೆಯಿತು.

ದೀಪಾ ಅವರ ‘ಸಮ್‌ಥಿಂಗ್ ಲೈಕ್ ಎ ವಾರ್’ (1991) ಕುಟುಂಬ ಯೋಜನೆ ಕುರಿತದ್ದು. ಅದರ ಶಸ್ತ್ರಚಿಕಿತ್ಸಾ ಶಿಬಿರದ ದೃಶ್ಯದಲ್ಲಿ ವೈದ್ಯರು ತಮ್ಮ ಕೈಚಳಕದ ವೇಗವನ್ನು ತಾವೇ ಹೇಳಿಕೊಳ್ಳುತ್ತಾರೆ. ಮಹಿಳೆಯರು ಸಾಲಾಗಿ ಬಂದು ಹೋಗುತ್ತಾರೆ. ಟೀಕೆಯ ಮಾತೇ ಬೇಕಾಗುವುದಿಲ್ಲ.

ಇಂದು ಕ್ಯಾಮೆರಾ ಪ್ರತಿ ಮೊಬೈಲಿನಲ್ಲಿದೆ. ವಾಡಿ, ಸೇಡಂಗಳ ಸಿಮೆಂಟ್ ಕಾರ್ಖಾನೆ, ಶಹಾಬಾದಿನ ಕಲ್ಲುಗಣಿ, ಮುಧೋಳ ಸೀಮೆಯ ತೊಗರಿ ಹೊಲಗಳ ದುಡಿಮೆಯನ್ನು ಯಾರು ಬೇಕಾದರೂ ಚಿತ್ರೀಕರಿಸಬಹುದು. ಆದರೆ ದುಡಿಯುವವರ ನಡುವೆ ತಿಂಗಳುಗಟ್ಟಲೆ ಇದ್ದು ಅವರ ವಿಶ್ವಾಸ ಗಳಿಸುವ ಕೆಲಸ ನಿಪ್ಪಾಣಿಯ ಕಾಲಕ್ಕಿಂತ ಇಂದೇನೂ ಸುಲಭವಾಗಿಲ್ಲ.