ಕ್ರೌಂಚಗಳಿಗಾಗಿ ತಂತಿ ಹೂಳಿದ ಕಣಿವೆ

ಹಳ್ಳಿಗೆ ವಿದ್ಯುತ್ ಬಂತೆಂದರೆ ಮೊದಲು ಕಾಣುವುದು ಕಂಬಗಳು, ಅವುಗಳ ಮೇಲೆ ಎಳೆದ ತಂತಿಗಳು. ಭೂತಾನದ ಫೋಬ್ಜಿಖಾ ಕಣಿವೆಯಲ್ಲಿ ಮಾತ್ರ ಹಾಗಾಗಲಿಲ್ಲ. ಅಲ್ಲಿ ವಿದ್ಯುತ್ ತಂತಿಗಳನ್ನು ನೆಲದಡಿ ಹೂಳಲಾಯಿತು. ಈ ಕೆಲಸ ಮುಗಿದದ್ದು 2011ರಲ್ಲಿ. ಕಾರಣ, ಒಂದು ಹಕ್ಕಿ.

ಸಮುದ್ರಮಟ್ಟದಿಂದ ಸುಮಾರು 3,000 ಮೀಟರ್ ಎತ್ತರದಲ್ಲಿರುವ ಈ ಕಣಿವೆ ಬಟ್ಟಲಿನಂತಿದೆ. ಸುತ್ತಲೂ ಪೈನ್ ಮರಗಳ ಬೆಟ್ಟ, ನಡುವೆ ಕುಳ್ಳ ಬಿದಿರು ಬೆಳೆದ ವಿಶಾಲವಾದ ಜೌಗುನೆಲ. ಪ್ರತಿವರ್ಷ ಚಳಿಗಾಲದ ಆರಂಭದಲ್ಲಿ ಟಿಬೆಟ್ ಪ್ರಸ್ಥಭೂಮಿಯಿಂದ ಕಪ್ಪು ಕೊರಳಿನ ಕ್ರೌಂಚಗಳು ಇಲ್ಲಿಗೆ ವಲಸೆ ಬರುತ್ತವೆ. ಬೂದುಬಿಳಿ ಮೈ, ಕಪ್ಪು ತಲೆ ಮತ್ತು ಕೊರಳು, ನೆತ್ತಿಯ ಮೇಲೆ ಕೆಂಪು ಬೊಟ್ಟು. ನಮ್ಮ ದೇಶದ ಲಡಾಖ್‌ನಲ್ಲೂ ಮರಿ ಮಾಡುವ ಹಕ್ಕಿ ಇದು.

ಹಗಲಿನಲ್ಲಿ ಇವು ಕೊಯ್ಲಾದ ಹೊಲಗಳಲ್ಲಿ ಅಳಿದುಳಿದ ಕಾಳು, ಗೆಡ್ಡೆಗಳನ್ನು ಹೆಕ್ಕುತ್ತವೆ. ಸಂಜೆಯಾದರೆ ಜೌಗಿನ ತೆಳು ನೀರಿಗಿಳಿದು ನಿಲ್ಲುತ್ತವೆ. ಸುತ್ತ ನೀರಿದ್ದರೆ ನರಿ, ಚಿರತೆಗಳು ಸದ್ದಿಲ್ಲದೆ ಹತ್ತಿರ ಬರಲಾರವು. ಸುಮಾರು ನಾಲ್ಕಡಿ ಎತ್ತರದ ಈ ಭಾರೀ ಹಕ್ಕಿಗಳು ಹಾರುವಾಗ ಥಟ್ಟನೆ ದಿಕ್ಕು ಬದಲಿಸಲಾರವು. ಮಂಜು ಕವಿದ ಮುಂಜಾವಿನಲ್ಲಿ ತಂತಿ ಎದುರಾದರೆ ಸಾವೇ ಗತಿ.

ಕಣಿವೆಯ ಜನರಿಗೆ ಕ್ರೌಂಚ ಪವಿತ್ರ ಪಕ್ಷಿ. ಬೆಟ್ಟದ ಏಣಿನ ಮೇಲೆ 17ನೇ ಶತಮಾನದಲ್ಲಿ ಸ್ಥಾಪನೆಯಾದ ಗ್ಯಾಂಗ್ಟೇ ಬೌದ್ಧ ಮಠವಿದೆ. ಬರುವಾಗಲೂ ಹೋಗುವಾಗಲೂ ಕ್ರೌಂಚಗಳು ಈ ಮಠಕ್ಕೆ ಮೂರು ಸುತ್ತು ಪ್ರದಕ್ಷಿಣೆ ಹಾಕುತ್ತವೆ ಎಂಬುದು ಇಲ್ಲಿನವರ ನಂಬಿಕೆ. 1998ರಿಂದ ನವೆಂಬರ್ 11ರಂದು ಮಠದ ಅಂಗಳದಲ್ಲಿ ಕ್ರೌಂಚ ಉತ್ಸವ ನಡೆಯುತ್ತ ಬಂದಿದೆ. ಶಾಲಾ ಮಕ್ಕಳು ಹಕ್ಕಿಯ ವೇಷ ತೊಟ್ಟು ಕುಣಿಯುವುದು ಉತ್ಸವದ ಮುಖ್ಯ ಆಕರ್ಷಣೆ.

ನಂಬಿಕೆಯೊಂದರಿಂದಲೇ ಹಕ್ಕಿ ಉಳಿಯಿತೆಂದು ಹೇಳಲಾಗದು. ಆಲೂಗಡ್ಡೆ ಇಲ್ಲಿನ ರೈತರಿಗೆ ಹಣ ತರುವ ಮುಖ್ಯ ಬೆಳೆ. ಜೌಗಿನ ನೀರು ಬಸಿದು ಅದಕ್ಕಾಗಿ ಹೊಲ ಮಾಡುವ ಆಲೋಚನೆಯೂ ಒಮ್ಮೆ ಇತ್ತು. ಕ್ರೌಂಚಗಳ ಸಲುವಾಗಿ ಅದನ್ನು ಕೈಬಿಡಲಾಯಿತು. 1987ರಲ್ಲಿ ಹುಟ್ಟಿದ ರಾಯಲ್ ಸೊಸೈಟಿ ಫಾರ್ ಪ್ರೊಟೆಕ್ಷನ್ ಆಫ್ ನೇಚರ್ ಸಂಸ್ಥೆ ಹಕ್ಕಿಗಳ ಎಣಿಕೆ ಮತ್ತು ರಕ್ಷಣೆಯ ಹೊಣೆ ಹೊತ್ತಿತು. 2016ರಲ್ಲಿ ಈ ಜೌಗು ಅಂತರರಾಷ್ಟ್ರೀಯ ಮಹತ್ವದ ರಾಮ್ಸಾರ್ ತಾಣಗಳ ಪಟ್ಟಿಗೂ ಸೇರಿತು.

ವಿಶೇಷವೆಂದರೆ, ಹಕ್ಕಿಗೆ ಮನುಷ್ಯನ ಬೇಸಾಯವೂ ಬೇಕು. ಹೊಲಗಳಿಂದ ಅದಕ್ಕೆ ಮೇವು ಸಿಗುತ್ತದೆ. ದನ, ಕುದುರೆಗಳು ಮೇಯುವುದರಿಂದ ಬಿದಿರು ಅತಿಯಾಗಿ ಬೆಳೆಯುವುದು ತಪ್ಪುತ್ತದೆ. ಆದರೆ ಹೊಲಗಳು ಜೌಗಿನೊಳಕ್ಕೆ ಚಾಚಿಕೊಂಡರೆ ರಾತ್ರಿ ನಿಲ್ಲಲು ಅದಕ್ಕೆ ನೆಲೆಯಿಲ್ಲ. ಕ್ರೌಂಚಗಳನ್ನು ನೋಡಲು ಬರುವ ಪ್ರವಾಸಿಗರಿಂದ ಹಳ್ಳಿಗರಿಗೆ ಆದಾಯವುಂಟು. ಅವರಿಗಾಗಿ ಕಟ್ಟುವ ವಸತಿಗೃಹಗಳಿಗೂ ಬೇಕಾದದ್ದು ಇದೇ ಕಣಿವೆಯ ನೆಲ.

ತಂತಿಯನ್ನೇನೋ ಮಣ್ಣಿನಡಿ ಹೂಳಬಹುದು. ಹೊಲ, ರಸ್ತೆ, ಕಟ್ಟಡಗಳನ್ನು ಹಾಗೆ ಹೂಳಲಾಗದು. ಅವು ಎಲ್ಲಿಗೆ ನಿಲ್ಲಬೇಕೆಂಬುದನ್ನು ಫೋಬ್ಜಿಖಾದ ಜನ ವರ್ಷವರ್ಷವೂ ತೀರ್ಮಾನಿಸುತ್ತಲೇ ಇರಬೇಕಾಗಿದೆ.