ಪುಕ್ಕಟೆ ಅಕ್ಕಿ ಉಂಡು ಆಳುಗಳು ಸೋಮಾರಿಗಳಾದರೇ?

ಬೈಲಹೊಂಗಲದ ಕಡೆ ಕಬ್ಬಿನ ಹಂಗಾಮು ಬಂತೆಂದರೆ ಹೊಲದ ಮಾಲೀಕರ ಬಾಯಲ್ಲಿ ಈ ಮಾತು ಬಂದೇ ಬರುತ್ತದೆ: ರೇಷನ್ ಅಕ್ಕಿ ಬಂದ ಮೇಲೆ ಆಳು ಸಿಗುವುದಿಲ್ಲ, ಉಂಡು ಮಲಗುತ್ತಾರೆ. ಕಿತ್ತೂರು, ಸವದತ್ತಿ, ರಾಮದುರ್ಗದ ಚಹಾದಂಗಡಿಗಳಲ್ಲೂ ಇದನ್ನು ಕೇಳಬಹುದು. 2013ರ ಜುಲೈನಲ್ಲಿ ಅನ್ನಭಾಗ್ಯ ಜಾರಿಯಾದಾಗಿನಿಂದ ಇದು ಪ್ರಶ್ನೆಯೇ ಇಲ್ಲದ ಸತ್ಯವಾಗಿಬಿಟ್ಟಿದೆ.

ಲೆಕ್ಕ ಹಾಕಿ ನೋಡಿ. ತಲೆಗೆ ತಿಂಗಳಿಗೆ 10 ಕಿಲೋ ಕೊಟ್ಟರೂ ದಿನಕ್ಕೆ ಬರುವುದು 333 ಗ್ರಾಂ, ಅಂದರೆ ಸುಮಾರು 1,150 ಕ್ಯಾಲೊರಿ. ಬಡತನದ ರೇಖೆ ಎಳೆಯುವಾಗ ಹಳ್ಳಿಯವರಿಗೆ ಬೇಕೆಂದು ಸರ್ಕಾರವೇ ಹಿಡಿದಿದ್ದ ಲೆಕ್ಕ 2,400. ಅರ್ಧ ಹೊಟ್ಟೆಗೂ ಸಾಲದು. ಬೇಳೆ, ಎಣ್ಣೆ, ಉಪ್ಪು-ಖಾರ, ಗ್ಯಾಸು, ಔಷಧಿ ಎಲ್ಲಕ್ಕೂ ಕೂಲಿಯೇ ಗತಿ. ನಸುಕಿನಲ್ಲಿ ರೊಟ್ಟಿ ಬಡಿದು, ಪುಂಡಿಪಲ್ಯೆಯ ಬುತ್ತಿ ಕಟ್ಟಿಕೊಂಡು, ಟಂಟಂನಲ್ಲಿ ಒತ್ತಾಗಿ ಕೂತು ಕಳೆ ತೆಗೆಯಲು ಹೋಗುವ ಹೆಂಗಸರನ್ನು ನೋಡಿಯೂ ಸೋಮಾರಿಗಳು ಎನ್ನಲು ಹೇಗೆ ಮನಸ್ಸು ಬರುತ್ತದೆ? ಹುಡುಗರು ಗೋವಾಕ್ಕೋ ಬೆಳಗಾವಿಗೋ ಹೋಗಿರುವುದು ಮಲಗಲು ಅಲ್ಲ, ಹೆಚ್ಚಿನ ಪಗಾರಕ್ಕೆ. 10 ಎಚ್‌ಪಿವರೆಗಿನ ಪಂಪ್‌ಸೆಟ್ಟಿಗೂ ಸರ್ಕಾರ ಪುಕ್ಕಟೆ ಕರೆಂಟು ಕೊಡುತ್ತದೆ. ಕೊಡಬೇಕಾದದ್ದೇ. ಅದರಿಂದ ರೈತ ಮೈಗಳ್ಳನಾದ ಎಂದು ಯಾರೂ ಅನ್ನುವುದಿಲ್ಲ.

ಬಡವರ ಮೇಲಿನ ಈ ಗುಮಾನಿ ಹಳೆಯದು. 1876–78ರ ಭೀಕರ ಬರದಲ್ಲಿ ಬೆಳಗಾವಿ, ಧಾರವಾಡ, ಕಲಾದಗಿ ಜಿಲ್ಲೆಗಳು ನರಳುತ್ತಿದ್ದಾಗ, ಹೆಚ್ಚು ಕೊಟ್ಟರೆ ಜನ ಸರ್ಕಾರಕ್ಕೇ ಜೋತುಬೀಳುತ್ತಾರೆಂದು ಬ್ರಿಟಿಷ್ ಅಧಿಕಾರಿ ರಿಚರ್ಡ್ ಟೆಂಪಲ್ ಬರಗಾಲದ ಕಾಮಗಾರಿಯ ಕೂಲಿಯನ್ನು ಕಡಿತ ಮಾಡಿಸಿದ. ದಿನವಿಡೀ ದುಡಿದ ಗಂಡಾಳಿಗೆ ಸಿಕ್ಕಿದ್ದು ಸುಮಾರು 450 ಗ್ರಾಂ ಕಾಳು, ಮೇಲೆ ಚಿಲ್ಲರೆ ಕಾಸು. ಅದೇ ಹೊತ್ತಿಗೆ ಭಾರತದ ಬಂದರುಗಳಿಂದ ಇಂಗ್ಲೆಂಡಿಗೆ ಗೋಧಿ ಹೋಗುತ್ತಿತ್ತು. ದೇಶದಲ್ಲಿ ಕಾಳೇ ಇಲ್ಲದೆ ಜನ ಸತ್ತರು ಎಂಬುದೂ ಹಾಗಾಗಿ ಪೂರ್ತಿ ನಿಜವಲ್ಲ. ಕೊಳ್ಳುವವರ ಕೈಯಲ್ಲಿ ದುಡ್ಡಿರಲಿಲ್ಲ.

‘ಅಕ್ಕಿ ಮಾರಿಕೊಳ್ಳುತ್ತಾರೆ, ಹಸಿವೆಲ್ಲಿದೆ’ ಎನ್ನುವವರೂ ಇದ್ದಾರೆ. ಈ ಸೀಮೆಯ ದುಡಿಯುವ ಮೈಗೆ ಬೇಕಾದದ್ದು ಜೋಳದ ರೊಟ್ಟಿ. ಹಿಂದೆ ಸುಗ್ಗಿಯ ಕೂಲಿ ಕಾಳಿನಲ್ಲೇ ಸಿಗುತ್ತಿತ್ತು, ಮನೆಯ ಚೀಲ ತುಂಬುತ್ತಿತ್ತು. ಕಬ್ಬು, ಸೋಯಾ, ಗೋವಿನಜೋಳ ಹರಡಿದಂತೆ ಬಿಳಿಜೋಳದ ಹೊಲ ಕುಗ್ಗಿತು, ಕೂಲಿ ನಗದಾಯಿತು. ಬಡವರ ಊಟವೆನಿಸಿದ್ದ ಜೋಳವನ್ನು ಬಡವರೇ ಪೇಟೆಯ ದರಕ್ಕೆ ಕೊಳ್ಳಬೇಕಾಯಿತು. ಅದಕ್ಕೇ ಅಕ್ಕಿ ಕೊಟ್ಟು ಜೋಳ ತರುತ್ತಾರೆ. ಕಾನೂನಿನ ಕಣ್ಣಲ್ಲಿ ಅದು ತಪ್ಪು, ನಿಜ. ಆದರೆ ರೇಷನ್ ಅಂಗಡಿಯಲ್ಲೇ ತಿಂಗಳು ತಿಂಗಳೂ ಬಿಳಿಜೋಳ ಸಿಗುವಂತಾದರೆ ಅವರು ಆ ತಪ್ಪು ಮಾಡಬೇಕಾಗಿಯೇ ಬರುವುದಿಲ್ಲ.